ಕಥೆಗೊಂದು ಕಾಲಶ್ರುತಿ ಪೆಟ್ಟಿಗೆ: ಮಾಡುವುದು ಹೇಗೆ?

ಎರಡು ಲೋಕಗಳು. ಒಂದರಲ್ಲಿ ಅಜ್ಜಿ, ಇನ್ನೊಂದರಲ್ಲಿ ಮೊಮ್ಮಗಳು. ಎರಡು ಕಡೆಯೂ ಹೊತ್ತು ಒಂದೇ ಸಮ ಓಡುವುದಿಲ್ಲ. ಆದರೂ ಇಬ್ಬರೂ ಮಾತಾಡಬೇಕು. ನಡುವೆ ಒಂದು ಯಂತ್ರ ಬೇಕು, ಎರಡು ಕಡೆಯ ಕಾಲವನ್ನು ಶ್ರುತಿ ಕೂಡಿಸುವ ಪೆಟ್ಟಿಗೆ.

ವಿಜ್ಞಾನದ ಕಥೆ ಬರೆಯಲು ಹೊರಟವರು ಎಡವುವುದು ಇಲ್ಲೇ. ಗುಂಡಿ ಒತ್ತಿದಳು, ನೀಲಿ ಬೆಳಕು ಬಂತು, ಎಲ್ಲ ಸರಿಹೋಯಿತು ಅಂತ ಬರೆದುಬಿಡುತ್ತಾರೆ. ಓದುವವರಿಗೆ ನಂಬಿಕೆ ಬರುವುದಿಲ್ಲ. ಯಂತ್ರ ಕಲ್ಪನೆಯದ್ದೇ ಇರಲಿ, ಅದು ಕೆಲಸ ಮಾಡುವ ಬಗೆ ಮಾತ್ರ ನಿಜದ್ದಾಗಿರಲಿ.

ಮೊದಲು ತಂಬೂರಿಯ ಹತ್ತಿರ ಕೂರಿ. ಎರಡು ತಂತಿ ಹೆಚ್ಚುಕಡಿಮೆ ಒಂದೇ ಸ್ವರದಲ್ಲಿದ್ದು ಪೂರ್ತಿ ಕೂಡದಿದ್ದರೆ ನಾದ ಅಲೆಯ ಹಾಗೆ ಏಳುತ್ತದೆ, ಬೀಳುತ್ತದೆ. ಒಂದು ತಂತಿ ಸೆಕೆಂಡಿಗೆ 200 ಸಲ, ಇನ್ನೊಂದು 202 ಸಲ ಕಂಪಿಸಿದರೆ ಅಲೆ ಸೆಕೆಂಡಿಗೆ 2 ಸಲ ಏಳುತ್ತದೆ. ಬಿರಡೆ ತಿರುಗಿಸಿದರೆ ಅಲೆ ನಿಧಾನವಾಗುತ್ತದೆ. ಕೆಳಗಿನ ಮಣಿಯನ್ನು ಒಂದು ಚೂರು ಜಾರಿಸಿದರೆ ನಿಂತೇ ಹೋಗುತ್ತದೆ. ನಮ್ಮ ಪೆಟ್ಟಿಗೆ ಮಾಡುವುದೂ ಇದನ್ನೇ. ವ್ಯತ್ಯಾಸ ಕೇಳಿಸಿಕೊಳ್ಳಬೇಕು, ಚೂರು ತಿದ್ದಬೇಕು, ಮತ್ತೆ ಕೇಳಬೇಕು.

ಹಂತ 1: ತೊಲೆ ಹುಡುಕಿ

1665ರಲ್ಲಿ ಡಚ್ ವಿಜ್ಞಾನಿ ಕ್ರಿಸ್ಟಿಯಾನ್ ಹೈಗನ್ಸ್ ಒಂದು ವಿಚಿತ್ರ ಗಮನಿಸಿದರು. ಒಂದೇ ತೊಲೆಗೆ ನೇತುಹಾಕಿದ ಎರಡು ಲೋಲಕದ ಗಡಿಯಾರಗಳು, ಹೇಗೇ ಶುರುಮಾಡಿದರೂ, ಅರ್ಧ ಗಂಟೆಯೊಳಗೆ ಹೊಂದಿಕೊಂಡು ತೂಗುತ್ತಿದ್ದವು. ಒಂದು ಎಡಕ್ಕೆ ಹೋದರೆ ಇನ್ನೊಂದು ಬಲಕ್ಕೆ. ತೊಲೆಯ ಕಣ್ಣಿಗೆ ಕಾಣದ ಅಲುಗಾಟವೇ ಒಂದರ ಸುದ್ದಿಯನ್ನು ಇನ್ನೊಂದಕ್ಕೆ ಮುಟ್ಟಿಸುತ್ತಿತ್ತು.

ನಿಮ್ಮ ಎರಡು ಲೋಕಗಳಿಗೆ ತೊಲೆ ಯಾವುದು? ಇದಕ್ಕೆ ಉತ್ತರ ಸಿಗುವ ತನಕ ಮುಂದೆ ಬರೆಯಬೇಡಿ. ನಾನಾದರೆ ನೆಲದಲ್ಲಿ ಹೂತ ಒರಳುಕಲ್ಲನ್ನು ಆರಿಸಿಕೊಳ್ಳುತ್ತೇನೆ. ಎರಡು ಲೋಕದಲ್ಲೂ ಇರುವುದು ಅದೊಂದೇ. ಪೆಟ್ಟಿಗೆಯನ್ನು ಅದರ ಮೇಲೆ ಇಟ್ಟರೆ ಮಾತ್ರ ಕೆಲಸ ಮಾಡುತ್ತದೆ, ಬೇರೆಲ್ಲೂ ಇಲ್ಲ.

ಹಂತ 2: ಅಳೆಯಿರಿ

ಎರಡು ಲೋಕದ ಗಡಿಯಾರಗಳ ನಡುವಿನ ವ್ಯತ್ಯಾಸ ಎಷ್ಟು? ಇದಕ್ಕೆ ಕೇಳಿ-ಹೇಳಿ ಲೆಕ್ಕ ಸಾಕು. ಇಂಟರ್ನೆಟ್‌ನಲ್ಲಿ ಕಂಪ್ಯೂಟರ್‌ಗಳು ಗಡಿಯಾರ ಸರಿಮಾಡಿಕೊಳ್ಳುವುದೂ ಹೀಗೆಯೇ. ಮೊಮ್ಮಗಳು 10:00ಕ್ಕೆ ಒರಳಿಗೆ ಒಂದು ಏಟು ಹಾಕುತ್ತಾಳೆ. ಅದು ಕೇಳಿಸಿದ ತಕ್ಷಣ ಅಜ್ಜಿ ತಮ್ಮ ಗಡಿಯಾರ ನೋಡಿ 'ಈಗ 4:30' ಎಂದು ತಿಳಿಸುತ್ತಾರೆ. ಆ ಸುದ್ದಿ ಇಲ್ಲಿಗೆ ಬಂದಾಗ 10:08. ಹೋಗಿಬರಲು 8 ನಿಮಿಷ, ಅದರಲ್ಲಿ ಅರ್ಧ 4. ಅಂದರೆ ಅಲ್ಲಿ 4:30 ಆಗಿದ್ದಾಗ ಇಲ್ಲಿ 10:04.

ಹೋಗುವ ದಾರಿ, ಬರುವ ದಾರಿ ಎರಡೂ ಸಮ ಅಂತ ಇಲ್ಲಿ ನಂಬಿಕೊಂಡಿದ್ದೇವೆ, ಅಲ್ವಾ? ಸಮ ಇಲ್ಲದಿದ್ದರೆ ಇಡೀ ಲೆಕ್ಕ ತಪ್ಪುತ್ತದೆ. ಕಥೆಗೆ ಗಂಟು ಬೇಕಿದ್ದರೆ ಇಲ್ಲೇ ಹಾಕಿ.

ಒಂದು ಸಲ ಅಳೆದರೆ ಸಾಲದು. ಇಲ್ಲಿ 11:04 ಆದಾಗ ಮತ್ತೆ ನೋಡಿ. ಅಲ್ಲಿ 5:30 ಆಗಿದ್ದರೆ ಮುಳ್ಳು ತಿರುಗಿಸಿದರೆ ಮುಗಿಯಿತು. 4:40 ಮಾತ್ರ ಆಗಿದ್ದರೆ? ಆಗ ಅಲ್ಲಿನ ಕಾಲವೇ ಆರು ಪಟ್ಟು ನಿಧಾನ. ಮೊಮ್ಮಗಳಿಗೆ ಆರು ವರ್ಷ ತುಂಬುವಾಗ ಅಜ್ಜಿಗೆ ಒಂದೇ ವರ್ಷ.

ಇದು ಬರೀ ಕಲ್ಪನೆಯಲ್ಲ. ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ (ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಭಾಗ ಒಂದು ಮೈಕ್ರೊಸೆಕೆಂಡ್) ಮುಂದೆ ಓಡುತ್ತದೆ. ಮೇಲೆ ಗುರುತ್ವ ಕಡಿಮೆ ಇರುವುದರಿಂದ 45 ಹೆಚ್ಚುತ್ತದೆ, ವೇಗದಿಂದಾಗಿ 7 ಕಡಿಮೆಯಾಗುತ್ತದೆ. ಹಾಗಾಗಿ ಹಾರಿಸುವ ಮೊದಲೇ ಅದನ್ನು ಕೂದಲೆಳೆಯಷ್ಟು ನಿಧಾನ ಮಾಡಿ ಕಳಿಸುತ್ತಾರೆ. ಜಿಪಿಎಸ್‌ನಂತೆಯೇ ದಾರಿ ತೋರುವ ನಮ್ಮ ದೇಶದ ನಾವಿಕ್ ಉಪಗ್ರಹಗಳ ಸಮಯ ನೋಡಿಕೊಳ್ಳುವ ಇಸ್ರೋ ಕೇಂದ್ರ ಬೆಂಗಳೂರಿನ ಹತ್ತಿರ ಬ್ಯಾಲಾಳುವಿನಲ್ಲಿದೆ. ಮೊಮ್ಮಗಳಿಗೆ ಅಲ್ಲಿ ಕೆಲಸ ಕೊಟ್ಟುಬಿಡಿ, ಪೆಟ್ಟಿಗೆ ಮಾಡಲು ಅವಳಿಗೆ ಹೇಗೆ ಗೊತ್ತು ಎಂಬ ಪ್ರಶ್ನೆಯೇ ಬರುವುದಿಲ್ಲ.

ಹಂತ 3: ದನಿಯನ್ನು ಸರಿಮಾಡಿ

ಬಹಳ ಜನ ಇದನ್ನು ಮರೆಯುತ್ತಾರೆ. ಕಾಲ ಆರು ಪಟ್ಟು ನಿಧಾನ ಅಂದಮೇಲೆ ಅಲ್ಲಿಂದ ಬರುವ ದನಿಯೂ ಅಷ್ಟೇ ಹಿಗ್ಗಬೇಕು. ಅಜ್ಜಿ ಒಂದು ನಿಮಿಷ ಆಡಿದ ಮಾತು ಇಲ್ಲಿ ಆರು ನಿಮಿಷ ಎಳೆಯುತ್ತದೆ, ಎರಡು ಸ್ಥಾಯಿಗೂ ಕೆಳಗೆ ಇಳಿದು ಬರೀ ಗುಡುಗಿನ ಹಾಗೆ ಕೇಳುತ್ತದೆ. ಮೊಮ್ಮಗಳ ಒಂದು ನಿಮಿಷ ಅಲ್ಲಿ ಹತ್ತೇ ಸೆಕೆಂಡಿನ ಕೀಚಲು ದನಿ.

ಆದ್ದರಿಂದ ಪೆಟ್ಟಿಗೆ ಆ ಗುಡುಗನ್ನು ಆರು ನಿಮಿಷ ಕೂಡಿಟ್ಟುಕೊಂಡು, ಕುಗ್ಗಿಸಿ, ಒಂದು ನಿಮಿಷದಲ್ಲಿ ಅಜ್ಜಿಯ ದನಿಯಲ್ಲೇ ಕೊಡಬೇಕು. 'ಊಟ ಆಯ್ತೇನೇ?' ಅಂತ ಅವರು ಎರಡು ಸೆಕೆಂಡಿನಲ್ಲಿ ಕೇಳಿದ್ದು ಇಲ್ಲಿ ಬಂದು ಮುಗಿಯಲು ಹನ್ನೆರಡು ಸೆಕೆಂಡು ಬೇಕು. ಅಷ್ಟು ಹೊತ್ತು ಅವಳು ಒರಳಿನ ಅಂಚು ಹಿಡಿದು ಸುಮ್ನೆ ಕೂತಿರಬೇಕು. ಆ ಕಾಯುವಿಕೆಯನ್ನು ಬಿಡದೆ ಬರೆಯಿರಿ.

ಹಂತ 4: ಗದ್ದಲದಲ್ಲಿ ಗುರುತು ಹಿಡಿಯಿರಿ

ಜಿಪಿಎಸ್ ಸಂಕೇತ ನೆಲ ಮುಟ್ಟುವಾಗ ಸುತ್ತಲಿನ ರೇಡಿಯೊ ಗದ್ದಲಕ್ಕಿಂತ ಸಣ್ಣದಾಗಿರುತ್ತದೆ. ಆದರೂ ಫೋನ್ ಅದನ್ನು ಹಿಡಿಯುತ್ತದೆ. ಹೇಗೆ? ಪ್ರತಿ ಉಪಗ್ರಹಕ್ಕೂ 1023 ಗುರುತುಗಳ ಒಂದು ಮಾದರಿ ಇದೆ, ಮಿಲಿಸೆಕೆಂಡಿಗೊಮ್ಮೆ ಅದು ಮತ್ತೆ ಮತ್ತೆ ಬರುತ್ತದೆ. ಫೋನಿಗೆ ಆ ಮಾದರಿ ಮೊದಲೇ ಗೊತ್ತು. ತನ್ನ ಪ್ರತಿಯನ್ನು ಹಿಂದೆ ಮುಂದೆ ಜಾರಿಸುತ್ತಾ ಎಲ್ಲಿ ಕೂಡುತ್ತದೆ ಅಂತ ಹುಡುಕುತ್ತದೆ.

ನಮ್ಮ ಪೆಟ್ಟಿಗೆಗೆ ಆ ಮಾದರಿ ಅಜ್ಜಿಯ ಒನಕೆ ಪೆಟ್ಟು. ಎರಡು ಭಾರದ್ದು, ಒಂದು ಹಗುರದ್ದು, ಆಮೇಲೆ ಅಕ್ಕಿ ಒಳಗೆ ತಳ್ಳುವಷ್ಟು ಬಿಡುವು. ಚಿಕ್ಕಂದಿನಲ್ಲಿ ಪಕ್ಕದಲ್ಲಿ ಕೂತು ಕೇಳಿದ್ದು ಮೊಮ್ಮಗಳು ಮಾತ್ರ. ಹಾಗಾಗಿ ಈ ಪೆಟ್ಟಿಗೆಯನ್ನು ಬೇರೆ ಯಾರೂ ನಡೆಸಲಾರರು.

ಹಂತ 5: ತಿದ್ದುವಾಗ ಅವಸರ ಬೇಡ

ಕಂಪ್ಯೂಟರ್ ಗಡಿಯಾರ ತುಸು ಮುಂದಿದ್ದರೆ ಅದನ್ನು ಹಿಂದಕ್ಕೆ ನೆಗೆಸುವುದಿಲ್ಲ, ಸ್ವಲ್ಪ ನಿಧಾನ ಓಡಿಸಿ ಸರಿದೂಗಿಸುತ್ತಾರೆ. ನೆಗೆಸಿದರೆ ಆ ಹೊತ್ತು ಎರಡು ಸಲ ಬಂದಂತಾಗುತ್ತದೆ. ಪೆಟ್ಟಿಗೆಗೂ ಅದೇ ನಿಯಮ.

ಹಂತ 6: ಸೋಲುವ ಜಾಗ ಇಡಿ

ಒನಕೆ ಪೆಟ್ಟು ಕೇಳಿಸುವ ತನಕ ಮಾತ್ರ ಶ್ರುತಿ ನಿಲ್ಲುತ್ತದೆ. ಪೆಟ್ಟು ನಿಂತರೆ ಪೆಟ್ಟಿಗೆ ತನ್ನ ಕೊನೆಯ ಲೆಕ್ಕದ ಮೇಲೆ ಸ್ವಲ್ಪ ಹೊತ್ತು ಓಡುತ್ತದೆ, ಆಮೇಲೆ ಮೆಲ್ಲಗೆ ಜಾರುತ್ತದೆ. ಅಜ್ಜಿ ಬೆವರು ಒರೆಸಿಕೊಳ್ಳಲು ಕೂತಿದ್ದಾರೋ, ಇನ್ನು ಏಳುವುದೇ ಇಲ್ಲವೋ, ಅದಕ್ಕೆ ಗೊತ್ತಾಗುವುದಿಲ್ಲ. ಅಲ್ಲಿನ ಹತ್ತು ನಿಮಿಷದ ವಿಶ್ರಾಂತಿ ಇಲ್ಲಿ ಒಂದು ಗಂಟೆ. ಕಥೆಯ ಮೊದಲ ಸಾಲನ್ನು ಆ ಗಂಟೆಯ ನಡುವಿನಿಂದ ಶುರುಮಾಡಿ.