ಫೋಮ್ ಕೊಳ್ಳುವ ಮುನ್ನ ಹಿಂಡಿ ನೋಡಿ, ತೂಗಿ ನೋಡಿ

ಗಾಳಿಗುಳ್ಳೆಗಳನ್ನು ಒಳಗಿಟ್ಟುಕೊಂಡು ಗಟ್ಟಿಯಾದ ಪ್ಲಾಸ್ಟಿಕ್ಕೇ ಫೋಮ್. ಥರ್ಮೋಕೋಲಿನ ಗಾತ್ರದಲ್ಲಿ ನೂರಕ್ಕೆ ಸುಮಾರು 98 ಪಾಲು ಬರೀ ಗಾಳಿ. ಹಾಗಾಗಿ ಯಾವ ಪ್ಲಾಸ್ಟಿಕ್ಕಿನದು ಎಂದು ಕೇಳುವ ಮೊದಲು, ಗಾಳಿ ಒಳಗೆ ಹೇಗೆ ಕೂತಿದೆ ಎಂದು ನೋಡಬೇಕು.

1. ಹಿಂಡಿ ನೋಡಿ

ಒಂದು ತುಂಡನ್ನು ನೀರಿನಲ್ಲಿ ಮುಳುಗಿಸಿ, ಹಿಂಡಿ ಬಿಡಿ. ನೀರು ಕುಡಿದು ಭಾರವಾದರೆ ಗುಳ್ಳೆಗಳು ಒಂದಕ್ಕೊಂದು ತೆರೆದುಕೊಂಡಿವೆ ಎಂದರ್ಥ. ಸೋಫಾ, ಹಾಸಿಗೆಯ ಪಾಲಿಯುರೆಥೇನ್ ಸ್ಪಂಜು ಈ ಜಾತಿಯದು. ಮೆಮೊರಿ ಫೋಮ್ ಕೂಡ ಇದರ ಬಳಗವೇ. ವಿಮಾನದ ಆಸನಗಳಿಗೆಂದು 1966ರಲ್ಲಿ ನಾಸಾಗಾಗಿ ರೂಪಿಸಿದ್ದು, ಮೈಬಿಸಿಗೆ ಮೆತ್ತಗಾಗುವುದು ಅದರ ಗುಣ.

ಒಳಗೆ ಒಣಗಿಯೇ ಇದ್ದು ತೇಲಿದರೆ ಗುಳ್ಳೆ ಮುಚ್ಚಿದೆ. ಗಾಜಿನ ಸಾಮಾನು ಸುತ್ತುವ ಪಾಲಿಎಥಿಲೀನ್ ಹಾಳೆ, ಚಪ್ಪಲಿ ಮತ್ತು ಯೋಗದ ಚಾಪೆಯ ಇವಿಎ ಎಂಬ ರಬ್ಬರಿನಂಥ ಪ್ಲಾಸ್ಟಿಕ್ ಇಂಥವು. ಥರ್ಮೋಕೋಲಿನದು ಸ್ವಲ್ಪ ಮೋಸ: ಕಾಳು ಕಾಳಿನೊಳಗೆ ಗುಳ್ಳೆ ಮುಚ್ಚಿದ್ದರೂ ಕಾಳುಗಳ ನಡುವಿನ ಸಂದಿಯಲ್ಲಿ ನೀರು ಜಿನುಗುತ್ತದೆ. ತೇವ ತಗಲುವ ಜಾಗಕ್ಕೆ ಥರ್ಮೋಕೋಲಿನದೇ ಪ್ಲಾಸ್ಟಿಕ್ಕಾದ ಪಾಲಿಸ್ಟೈರೀನನ್ನು ಕಾಳಿಲ್ಲದೆ ಹಲಗೆಯಾಗಿ ಒತ್ತಿ ತೆಗೆದ ಎಕ್ಸ್‌ಪಿಎಸ್ ವಾಸಿ.

2. ತೂಗಿ ನೋಡಿ

ಫೋಮಿನ ಡೆನ್ಸಿಟಿ ಎಂದರೆ ಒಂದು ಘನ ಮೀಟರಿಗೆ ಎಷ್ಟು ಕಿಲೋ ಎಂಬ ಲೆಕ್ಕ. ಇದನ್ನು ನೀವೇ ತೆಗೆಯಬಹುದು. 20 ಸೆಂ.ಮೀ. ಉದ್ದ, 20 ಅಗಲ, 5 ದಪ್ಪದ ತುಂಡು 64 ಗ್ರಾಂ ತೂಗಿತು ಎನ್ನಿ. ಗಾತ್ರ 2000 ಘನ ಸೆಂ.ಮೀ. 64ನ್ನು 2000ದಿಂದ ಭಾಗಿಸಿ 1000ದಿಂದ ಗುಣಿಸಿದರೆ 32.

ಡೆನ್ಸಿಟಿ ಹೆಚ್ಚಿದ್ದರೆ ಗಟ್ಟಿ ಎಂದುಕೊಳ್ಳುವವರೇ ಬಹಳ. ಅದು ಸರಿಯಲ್ಲ. ಒಂದೇ ಡೆನ್ಸಿಟಿಯಲ್ಲಿ ಮೆತ್ತನೆಯದನ್ನೂ ಬಿರುಸಿನದನ್ನೂ ತಯಾರಿಸುತ್ತಾರೆ. ಡೆನ್ಸಿಟಿ ಹೇಳುವುದು ಮುಖ್ಯವಾಗಿ ಬಾಳಿಕೆಯನ್ನು, ಅಂದರೆ ಎಷ್ಟು ಬೇಗ ಕುಳಿ ಬೀಳುತ್ತದೆ ಎಂಬುದನ್ನು. ಗಟ್ಟಿತನ ತಿಳಿಯಬೇಕಿದ್ದರೆ ಕೂತೇ ನೋಡಬೇಕು.

3. ಕೆಲಸಕ್ಕೆ ತಕ್ಕದ್ದನ್ನು ಆರಿಸಿ

ಬಿಸಿ ಅಥವಾ ತಂಪು ತಡೆಯಬೇಕೇ? ಗಡಸು ಪಾಲಿಯುರೆಥೇನನ್ನು ಮೀರಿಸುವುದು ಕಷ್ಟ. ಫ್ರಿಜ್ಜಿನ ಗೋಡೆಯೊಳಗೆ ಇರುವುದು ಅದೇ. ಅದರ ಗುಳ್ಳೆಗಳಲ್ಲಿ ಗಾಳಿಗಿಂತಲೂ ಕಡಿಮೆ ಶಾಖ ಹರಿಸುವ ಅನಿಲ ತುಂಬಿರುತ್ತದೆ. 10 ಸೆಂ.ಮೀ. ಥರ್ಮೋಕೋಲ್ ಮಾಡುವ ಕೆಲಸವನ್ನು ಅದು ಸುಮಾರು 7ರಲ್ಲೇ ಮುಗಿಸುತ್ತದೆ. ಥರ್ಮೋಕೋಲ್ 80 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲೇ ಮೆತ್ತಗಾಗತೊಡಗುವುದರಿಂದ ಬಿಸಿ ಕೊಳವೆಗೆ ಸುತ್ತಬೇಡಿ.

ಸದ್ದಿನ ವಿಷಯಕ್ಕೆ ಬಂದರೆ ಹಣ ವ್ಯರ್ಥವಾಗುವುದೇ ಹೆಚ್ಚು. ಗೋಡೆಗೆ ಅಂಟಿಸಿದ ಸ್ಪಂಜು ಕೋಣೆಯೊಳಗಿನ ಪ್ರತಿಧ್ವನಿಯನ್ನು ಹೀರುತ್ತದೆ, ಅಷ್ಟೆ. ಪಕ್ಕದ ಮನೆಯ ಗಲಾಟೆಯನ್ನು ತಡೆಯುವುದಿಲ್ಲ. ಅದಕ್ಕೆ ಭಾರವಾದ ಗೋಡೆಯೇ ಬೇಕು. ಪ್ರತಿಧ್ವನಿಗೂ ತೆಳು ಸ್ಪಂಜು ಕೀರಲು ಸದ್ದನ್ನಷ್ಟೇ ಹೀರುತ್ತದೆ; ಮಂದ್ರದ ಗುಡುಗಿಗೆ ಅದರ ದಪ್ಪ ಸಾಲದು.

ಫಲಕ, ನಾಮಫಲಕಗಳಿಗೆ ಪಿವಿಸಿ ಫೋಮ್ ಹಲಗೆ ಸಾಕು.

4. ಕತ್ತರಿಸಿ, ಅಂಟಿಸಿ

ಥರ್ಮೋಕೋಲನ್ನು ಕಾದ ತಂತಿಯಿಂದ ಬೆಣ್ಣೆಯಂತೆ ಕೊಯ್ಯಬಹುದು, ಕಿಟಕಿ ಮಾತ್ರ ತೆರೆದಿರಲಿ. ಪಾಲಿಯುರೆಥೇನಿಗೆ ಕಾದ ತಂತಿ ಸೋಕಿಸಲೇಬೇಡಿ: ಅದು ಸುಟ್ಟಾಗ ಬರುವ ಹೊಗೆಯಲ್ಲಿ ಸಯನೈಡ್ ಅನಿಲವೂ ಇರುತ್ತದೆ. ಹರಿತವಾದ ಉದ್ದನೆ ಚಾಕು ಸಾಕು. ಯಾವ ಫೋಮನ್ನೂ ಒಲೆ, ದೀಪದ ಬಳಿ ಇಡಬೇಡಿ.

ಅಸಿಟೋನ್, ಥಿನ್ನರ್, ಪೆಟ್ರೋಲ್ ತಗುಲಿದರೆ ಥರ್ಮೋಕೋಲ್ ಕಣ್ಣೆದುರೇ ಕರಗಿ ಅಂಟುಮುದ್ದೆಯಾಗುತ್ತದೆ. ಘಾಟು ವಾಸನೆಯ ರಬ್ಬರ್ ಅಂಟು ಬಳಿದರೂ ಸಾಮಾನ್ಯವಾಗಿ ಇದೇ ಗತಿ. ಅದಕ್ಕೆ ಮರಗೆಲಸದ ಬಿಳಿ ಅಂಟು ಬಳಸಿ, ರಾತ್ರಿಯಿಡೀ ಒಣಗಲು ಬಿಡಿ. ಪಾಲಿಎಥಿಲೀನ್ ಹಾಳೆಗಾದರೋ ಹೆಚ್ಚಿನ ಅಂಟುಗಳು ಹಿಡಿಯುವುದೇ ಇಲ್ಲ. ಎರಡೂ ಮೈಗೆ ಬಿಸಿಗಾಳಿ ಊದಿ, ತುಸು ಕರಗಿದ ಕೂಡಲೇ ಒತ್ತಿ ಹಿಡಿದರೆ ಕೂಡಿಕೊಳ್ಳುತ್ತದೆ.