ಬರದ ವರ್ಷವೇ ಮನೆಗೂ ಕಷ್ಟ ಬಂದರೆ ಎಲ್ಲಿಂದ ಶುರು ಮಾಡಬೇಕು

2022ರ ಸೆಪ್ಟೆಂಬರ್‌ನಲ್ಲಿ ಚಿತ್ರದುರ್ಗ ಜಿಲ್ಲೆಯ ನಮ್ಮ ವಾಣಿವಿಲಾಸ ಸಾಗರ ಅಣೆಕಟ್ಟು ಕೋಡಿ ಬಿತ್ತು. 1933ರ ನಂತರ ಮೊದಲ ಸಲ. ಹಿರಿಯೂರು ಸುತ್ತಲಿನ ಊರುಗಳಿಂದ ಜನ ಟ್ರ್ಯಾಕ್ಟರ್ ಕಟ್ಟಿಕೊಂಡು ಅಣೆಕಟ್ಟು ಇರುವ ಮಾರಿ ಕಣಿವೆ ನೋಡೋಕೆ ಬಂದಿದ್ದರು. ಅಮ್ಮನೂ ಹೋಗಿ ಬಾಗಿನ ಬಿಟ್ಟು ಬಂದಳು. ಇನ್ನು ಹತ್ತು ವರ್ಷ ನೀರಿನ ಚಿಂತೆ ಇಲ್ಲ ಅಂದುಕೊಂಡೆವು.

ಮರು ವರ್ಷವೇ ಬರ. 2023ರ ಆಗಸ್ಟ್ ಬಂತು, ಹೋಯಿತು, ಮಳೆ ಮಾತ್ರ ಇಲ್ಲ. 1901ರಿಂದ ಇಟ್ಟ ಲೆಕ್ಕದಲ್ಲಿ ದೇಶ ಅಷ್ಟು ಒಣ ಆಗಸ್ಟ್ ಕಂಡಿರಲಿಲ್ಲ. ಶೇಂಗಾ ಹೂ ಬಿಟ್ಟು ಕಾಯಿ ಕಟ್ಟುವ ಹೊತ್ತು ಅದು. ರಾಜ್ಯದ 236 ತಾಲ್ಲೂಕುಗಳಲ್ಲಿ 223ನ್ನು ಬರಪೀಡಿತ ಅಂತ ಸಾರಿದರು. ಪೆಸಿಫಿಕ್ ಸಾಗರದ ನೀರು ಬಿಸಿಯಾಗಿದೆ, ಎಲ್ ನಿನೊ ಬಂದಿದೆ ಅಂತ ಟಿವಿಯಲ್ಲಿ ಹೇಳುತ್ತಿದ್ದರು. ಎಲ್ಲಿಯ ಪೆಸಿಫಿಕ್, ಎಲ್ಲಿಯ ನಮ್ಮ ಐದು ಎಕರೆ! ಆದರೂ ಅಲ್ಲಿ ನೀರು ಕಾದರೆ ಇಲ್ಲಿ ಶೇಂಗಾ ಒಣಗುತ್ತದೆ. ಭೂಮಿಯೇ ಬಿಸಿಯಾಗುತ್ತಿರುವಾಗ ಇಂಥ ವರ್ಷಗಳ ಪೆಟ್ಟು ಇನ್ನೂ ಜೋರು.

ನಮ್ಮ ಮನೆಗೆ ಅದು ಬರೀ ಬರ ಆಗಿರಲಿಲ್ಲ. ಅಪ್ಪ 2021ರಲ್ಲಿ ಕೋವಿಡ್‌ನಲ್ಲಿ ತೀರಿಕೊಂಡಿದ್ದ. ಆಸ್ಪತ್ರೆಗೆ ಮಾಡಿದ ಸಾಲ ಹಾಗೇ ಇತ್ತು. ಹೊಲ ನೋಡುತ್ತಿದ್ದವನು ತಮ್ಮ, ಆಗ ಅವನಿಗೆ ಇಪ್ಪತ್ನಾಲ್ಕು. ಆ ಎರಡು ವರ್ಷ ನಾವು ಏನು ತಪ್ಪು ಮಾಡಿದೆವು, ಏನು ಸರಿ ಮಾಡಿದೆವು ಅನ್ನುವುದನ್ನು ಬರೆಯುತ್ತಿದ್ದೇನೆ. ನಿಮ್ಮ ಊರಲ್ಲಿ ಮುಂದಿನ ಬರ ಬಂದಾಗ ಯಾರಿಗಾದರೂ ಉಪಯೋಗ ಆಗಲಿ.

ಮೊದಲು ನೋಟ್‌ಬುಕ್

ಮನೆಯವರೆಲ್ಲ ಒಟ್ಟಿಗೆ ಕೂತು ಸಾಲ ಬರೆಯಿರಿ. ಯಾರ ಹತ್ತಿರ, ಎಷ್ಟು, ಬಡ್ಡಿ ಎಷ್ಟು, ಏನು ಅಡ ಇದೆ, ಯಾವಾಗ ಕಟ್ಟಬೇಕು. ಒಬ್ಬರೇ ಬರೆದರೆ ಆಗಲ್ಲ. ನಮ್ಮ ಮನೆಯಲ್ಲಿ ಸಾಲ ಎರಡು ಅಂತ ನಾನು ತಿಳಿದಿದ್ದೆ. ಕೂತು ಬರೆದಾಗ ನಾಲ್ಕು ಆಯಿತು. ಅಮ್ಮ ಸರ ಅಡ ಇಟ್ಟಿದ್ದಳು, ನಮಗೆ ಹೇಳಿರಲಿಲ್ಲ. ತಮ್ಮ ಒಂದು ಫೈನಾನ್ಸ್‌ನಿಂದ ತೆಗೆದಿದ್ದ, ಅಮ್ಮನಿಗೆ ಹೇಳಿರಲಿಲ್ಲ. ಒಬ್ಬರಿಗೆ ಬೇಜಾರಾಗದಿರಲಿ ಅಂತ ಇನ್ನೊಬ್ಬರು ಮುಚ್ಚಿಟ್ಟು, ಎಲ್ಲರೂ ಒಬ್ಬೊಬ್ಬರೇ ಹೊರುತ್ತಿದ್ದರು. ಆ ರಾತ್ರಿ ಜಗಳ ಆಯಿತು, ಅಳು ಆಯಿತು. ಆದರೆ ಬೆಳಗ್ಗೆ ಮನೆಯಲ್ಲಿ ಏನೋ ಹಗುರ ಆಗಿತ್ತು.

ಬರೆದ ಮೇಲೆ ಬಡ್ಡಿ ನೋಡಿ. ಕೈಸಾಲಕ್ಕೆ ನೂರಕ್ಕೆ ಮೂರು ಅಂದರೆ ಕೇಳೋಕೆ ಸಣ್ಣದು, ಅದು ತಿಂಗಳಿಗೆ. ವರ್ಷಕ್ಕೆ ನೂರಕ್ಕೆ ಮೂವತ್ತಾರು! ಸೊಸೈಟಿಯ ಬೆಳೆ ಸಾಲಕ್ಕೆ ಸರಿಯಾದ ದಿನಕ್ಕೆ ಕಟ್ಟಿದರೆ ಬಡ್ಡಿಯೇ ಇಲ್ಲ, ಆದರೆ ಗಡುವು ತಪ್ಪಿದರೆ ಆ ರಿಯಾಯಿತಿ ಹೋಗುತ್ತದೆ. ಅದಕ್ಕೇ ಕೈಗೆ ಸ್ವಲ್ಪ ದುಡ್ಡು ಬಂದಾಗ ನಾವು ಮೊದಲು ಸೊಸೈಟಿ ಉಳಿಸಿಕೊಂಡೆವು, ಆಮೇಲೆ ಕೈಸಾಲಕ್ಕೆ ಕೈ ಹಾಕಿದೆವು. ಕೈಸಾಲ ಕೊಟ್ಟವರ ಮನೆಗೆ ನಾವೇ ಹೋದೆವು. ಅವರು ಬರುವ ತನಕ ಕಾಯಬೇಡಿ. "ಬಡ್ಡಿ ನಿಲ್ಲಿಸಿ ಅಣ್ಣ, ಅಸಲನ್ನು ಕಂತಲ್ಲಿ ತೀರಿಸ್ತೀವಿ" ಅಂತ ಅಮ್ಮ ಕೇಳಿದಳು. ಒಬ್ಬರು ಒಪ್ಪಿದರು, ಒಬ್ಬರು ಒಪ್ಪಲಿಲ್ಲ. ಒಬ್ಬರು ಒಪ್ಪಿದ್ದೇ ನಮಗೆ ದೊಡ್ಡದಾಯಿತು.

ಬ್ಯಾಂಕಿನ ಬೆಳೆ ಸಾಲ ಇದ್ದರೆ ಬರ ಘೋಷಣೆ ಆದ ತಕ್ಷಣ ಹೋಗಿ ಕೇಳಿ. ಬೆಳೆ ನಷ್ಟ ಶೇಕಡಾ 33 ಅಥವಾ ಅದಕ್ಕಿಂತ ಜಾಸ್ತಿ ಇರುವ ಕಡೆ ಅಲ್ಪಾವಧಿ ಸಾಲವನ್ನು ದೀರ್ಘಾವಧಿಗೆ ಬದಲಿಸಿ ಸಮಯ ಕೊಡುವ ದಾರಿಯನ್ನು ರಿಸರ್ವ್ ಬ್ಯಾಂಕ್ ಇಟ್ಟಿದೆ. ಸುಮ್ನೆ ಬಾಯಲ್ಲಿ ಕೇಳಿ ಬರಬೇಡಿ. ಅರ್ಜಿ ಕೊಟ್ಟು ಇನ್ನೊಂದು ಪ್ರತಿಗೆ ಸೀಲ್ ಹಾಕಿಸಿಕೊಳ್ಳಿ.

ಮೈಕ್ರೋಫೈನಾನ್ಸ್ ಸಾಲದ ವಸೂಲಿಗೆ ಬೆಳಗ್ಗೆ 9ಕ್ಕೆ ಮೊದಲು, ಸಂಜೆ 6ರ ನಂತರ ಫೋನ್ ಮಾಡಿ ಕಾಡುವಂತಿಲ್ಲ. ಬೈಯುವುದು, ಬೆದರಿಸುವುದಂತೂ ಯಾವ ಹೊತ್ತಿನಲ್ಲೂ ತಪ್ಪು. 2025ರಲ್ಲಿ ನಮ್ಮ ರಾಜ್ಯ ಇದಕ್ಕೆ ಬೇರೆ ಕಾನೂನೇ ತಂದಿದೆ, ಕಿರುಕುಳ ಕೊಟ್ಟರೆ ಹತ್ತು ವರ್ಷದ ತನಕ ಜೈಲು ಆಗಬಹುದು. ತಮ್ಮನಿಗೆ ಈ ಸಮಯದ ವಿಷಯ ಆಗ ಗೊತ್ತೇ ಇರಲಿಲ್ಲ. ರಾತ್ರಿ ಎಂಟಕ್ಕೆ ವಸೂಲಿಯವರು ಬಾಗಿಲಲ್ಲಿ ನಿಂತು ಕೂಗಿದಾಗ ಅವನು ಹಿತ್ತಲಿಂದ ಹೊಲಕ್ಕೆ ಹೋಗಿ ಕೂರುತ್ತಿದ್ದ.

ಮನೆಯಲ್ಲಿ ಒಬ್ಬರು ಮಾತು ಬಿಟ್ಟರೆ

ಇದನ್ನು ಕೊನೆಗೆ ಬರೆಯೋಣ ಅಂದುಕೊಂಡಿದ್ದೆ. ಬೇಡ, ಇಲ್ಲೇ ಹೇಳುತ್ತೇನೆ, ಇದಕ್ಕಿಂತ ಮುಖ್ಯ ಬೇರೆ ಯಾವುದೂ ಇಲ್ಲ.

ತಮ್ಮ ಊಟ ಕಡಿಮೆ ಮಾಡಿದ. ರಾತ್ರಿ ನಿದ್ದೆ ಇಲ್ಲ. ಫೋನ್ ಆಫ್. ಒಂದು ದಿನ ಅಮ್ಮನ ಹತ್ತಿರ "ನಾನಿದ್ದು ಏನು ಪ್ರಯೋಜನ" ಅಂದನಂತೆ. ಅಮ್ಮ ಅದನ್ನು ನನಗೆ ಫೋನಲ್ಲಿ ಹೇಳಿದಳು, ನಾನು ಆಗ ತುಮಕೂರಲ್ಲಿ ಕೆಲಸದಲ್ಲಿದ್ದೆ, ಅದೇ ರಾತ್ರಿ ಬಸ್ ಹತ್ತಿದೆ. ಊರಿಗೆ ಹೋಗಿ ಅವನನ್ನು ನೇರವಾಗಿ ಕೇಳಿದೆ, ಸಾಯುವ ಯೋಚನೆ ಬರ್ತಿದೆಯಾ ಅಂತ. ಕೇಳಿದರೆ ಇಲ್ಲದ ಯೋಚನೆ ತಲೆಗೆ ಹಾಕಿದಂತಾಗುತ್ತದೆ ಅಂತ ಹಲವರು ಹೆದರುತ್ತಾರೆ. ಹಾಗಾಗಲ್ಲ. ಅವನು ಬಹಳ ಹೊತ್ತು ಸುಮ್ಮನಿದ್ದು, ಆಮೇಲೆ ಹೂಂ ಅಂದ. ಆ ಹೂಂ ಹೊರಗೆ ಬಂದಿದ್ದೇ ಒಳ್ಳೆಯದಾಯಿತು.

ಮನೆಯಲ್ಲಿದ್ದ ಕ್ರಿಮಿನಾಶಕವನ್ನೆಲ್ಲ ಅವತ್ತೇ ತೆಗೆದು ಚಿಕ್ಕಪ್ಪನ ಮನೆಯಲ್ಲಿ ಬೀಗ ಹಾಕಿಸಿದೆವು. ರೈತರ ಮನೆಯಲ್ಲಿ ಇದನ್ನು ಯಾವಾಗಲೂ ಬೀಗದಲ್ಲೇ ಇಡಬೇಕು ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ಆ ಕೆಟ್ಟ ಘಳಿಗೆ ದಾಟಿಸಿದರೆ ಎಷ್ಟೋ ಜೀವ ಉಳಿಯುತ್ತವೆ. ಒಂದು ವಾರ ಅವನನ್ನು ಒಬ್ಬನೇ ಬಿಡಲಿಲ್ಲ.

14416ಕ್ಕೆ ಫೋನ್ ಮಾಡಿದೆವು. ಅದು ಟೆಲಿ ಮಾನಸ್, 2022ರ ಅಕ್ಟೋಬರ್‌ನಲ್ಲಿ ಶುರುವಾದ ಸರ್ಕಾರಿ ಸಹಾಯವಾಣಿ. ದುಡ್ಡಿಲ್ಲ, ಇಪ್ಪತ್ನಾಲ್ಕು ಗಂಟೆ, ಕನ್ನಡದಲ್ಲೇ ಮಾತಾಡುತ್ತಾರೆ, ಬೆಂಗಳೂರಿನ ನಿಮ್ಹಾನ್ಸ್ ಇದರ ಬೆನ್ನಿಗಿದೆ. ತಮ್ಮ ಮೊದಲು ಫೋನ್ ಮುಟ್ಟಲಿಲ್ಲ, ನಾನೇ ಮಾತಾಡಿದೆ. ಮನೆಯವರೂ ಮಾಡಬಹುದು. ಆಮೇಲೆ ತಾಲ್ಲೂಕು ಆಸ್ಪತ್ರೆಗೆ ಹೋದೆವು. ಮನೋಚೈತನ್ಯ ಕಾರ್ಯಕ್ರಮದಲ್ಲಿ ಹಲವು ತಾಲ್ಲೂಕು ಆಸ್ಪತ್ರೆಗಳಿಗೆ ಮಂಗಳವಾರ ಮನೋವೈದ್ಯರು ಬರುತ್ತಾರೆ, ನಿಮ್ಮ ಕಡೆ ಯಾವ ದಿನ ಅಂತ ವಿಚಾರಿಸಿಕೊಳ್ಳಿ. ಮಾತ್ರೆ ಆರು ತಿಂಗಳು ತೆಗೆದುಕೊಂಡ. ಶುಗರ್‌ಗೆ, ಬಿಪಿಗೆ ಮಾತ್ರೆ ತಗೊಳ್ಳಲ್ವಾ, ಹಾಗೇ ಇದು. ಅಲ್ಲಿಗೆ ಹೋದರೆ ಊರವರು ಏನಂತಾರೋ ಅಂತ ಅಮ್ಮ ಹೆದರಿದ್ದಳು. ಹೋದ ಮೇಲೆ ನೋಡಿದರೆ ಸಾಲಲ್ಲಿ ನಮ್ಮೂರಿನವರೇ ಇಬ್ಬರು ಕೂತಿದ್ದರು.

ಕಾಗದ ಸರಿ ಇಲ್ಲದಿದ್ದರೆ ಪರಿಹಾರವೂ ಇಲ್ಲ

ನಮಗೆ ಜಾಸ್ತಿ ಪೆಟ್ಟು ಕೊಟ್ಟಿದ್ದು ಇದು. ಆ ಸಲ ಬರ ಪರಿಹಾರ ಮಳೆಯಾಶ್ರಿತ ಬೆಳೆಗೆ ಹೆಕ್ಟೇರಿಗೆ 8,500 ರೂಪಾಯಿ, ನೀರಾವರಿಗೆ 17,000, ಎರಡು ಹೆಕ್ಟೇರ್ ತನಕ. ರಾಜ್ಯ ಸುಪ್ರೀಂ ಕೋರ್ಟಿಗೆ ಹೋದ ಮೇಲೆ 2024ರ ಏಪ್ರಿಲ್ ಕೊನೆಗೆ ಕೇಂದ್ರ 3,454 ಕೋಟಿ ಬಿಡುಗಡೆ ಮಾಡಿತು. ಊರಲ್ಲಿ ಒಬ್ಬೊಬ್ಬರ ಫೋನಿಗೂ ಮೆಸೇಜ್ ಬಂತು. ನಮಗೆ ಬರಲಿಲ್ಲ. ಯಾಕೆ ಅಂದರೆ ಪಹಣಿ ಇನ್ನೂ ತಾತನ ಹೆಸರಲ್ಲಿತ್ತು, ತಾತ ತೀರಿಕೊಂಡು ಹದಿನೆಂಟು ವರ್ಷ ಆಗಿತ್ತು! ಅಪ್ಪನೂ ಮಾಡಿಸಿರಲಿಲ್ಲ, ನಾವೂ ಮಾಡಿಸಿರಲಿಲ್ಲ. ಪರಿಹಾರ ಹೋಗುವುದು ಫ್ರೂಟ್ಸ್ ಐಡಿ, ಅಂದರೆ ಸರ್ಕಾರ ರೈತರಿಗೆ ಕೊಡುವ ನೋಂದಣಿ ಸಂಖ್ಯೆ ನೋಡಿ. ಜಮೀನು ನಿಮ್ಮ ಹೆಸರಲ್ಲಿ ಇಲ್ಲದಿದ್ದರೆ ಆ ಐಡಿಗೆ ಜಮೀನು ಸೇರಿಸಲು ಆಗಲ್ಲ.

ಹಾಗಾಗಿ ಪೌತಿ ಖಾತೆ ಮಾಡಿಸಿ, ಅಂದರೆ ತೀರಿಕೊಂಡವರ ಹೆಸರಲ್ಲಿರುವ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಿಸಿ. ಮರಣ ಪ್ರಮಾಣಪತ್ರ, ವಂಶವೃಕ್ಷ, ಎಲ್ಲ ವಾರಸುದಾರರ ಆಧಾರ್ ಹಿಡಿದು ನಾಡಕಚೇರಿಗೆ ಹೋಗಿ. ನಮ್ಮಲ್ಲಿ ಇದು ಹದಿನೆಂಟು ವರ್ಷ ನಿಂತಿದ್ದು ಒಂದು ತಪ್ಪು ತಿಳಿವಳಿಕೆಯಿಂದ. ಪೌತಿ ಅಂದರೆ ಪಾಲು ಅಂತ ಚಿಕ್ಕಪ್ಪನೂ ಅಪ್ಪನೂ ತಿಳಿದಿದ್ದರು, ಪಾಲಿನ ಮಾತು ಎತ್ತಿದರೆ ಜಗಳ ಆಗುತ್ತದೆ ಅಂತ ಇಬ್ಬರೂ ಸುಮ್ಮನಿದ್ದರು. ಪೌತಿಯಲ್ಲಿ ವಾರಸುದಾರರ ಹೆಸರು ಜಂಟಿಯಾಗಿ ಬರುತ್ತದೆ, ಪಾಲು ಆಮೇಲೆ, ಬೇಕಾದಾಗ ಮಾಡಿಕೊಳ್ಳುವ ಬೇರೆ ಕೆಲಸ. ಇದನ್ನು ಗ್ರಾಮ ಆಡಳಿತಾಧಿಕಾರಿ ಚಿಕ್ಕಪ್ಪನನ್ನೂ ನಮ್ಮನ್ನೂ ಕೂರಿಸಿ ಹೇಳಿದ ದಿನವೇ ಚಿಕ್ಕಪ್ಪ ಸಹಿ ಹಾಕಿದರು.

ಆಮೇಲೆ ರೈತ ಸಂಪರ್ಕ ಕೇಂದ್ರದಲ್ಲಿ ಫ್ರೂಟ್ಸ್ ಐಡಿ ಮಾಡಿಸಿ, ಎಲ್ಲ ಸರ್ವೆ ನಂಬರ್ ಸೇರಿದೆಯಾ ನೋಡಿ. ಬ್ಯಾಂಕ್ ಖಾತೆಗೆ ಆಧಾರ್ ಜೋಡಣೆ ಆಗಿದೆಯಾ ಅಂತ ಬ್ಯಾಂಕಲ್ಲೇ ಕೇಳಿ, ಹಳೆಯ ಯಾವುದೋ ಖಾತೆಗೆ ಜೋಡಣೆಯಾಗಿದ್ದರೆ ದುಡ್ಡು ಅಲ್ಲಿಗೇ ಹೋಗುತ್ತದೆ.

ಬೆಳೆ ವಿಮೆಗೆ ಮುಂಗಾರಿನಲ್ಲಿ ರೈತ ಕಟ್ಟುವುದು ವಿಮೆ ಮೊತ್ತದ ಶೇಕಡಾ 2, ಹಿಂಗಾರಿಗೆ 1.5, ತೋಟಗಾರಿಕೆ ಮತ್ತು ವಾಣಿಜ್ಯ ಬೆಳೆಗೆ 5. ವಿಮೆ ಮಾಡಿಸಿದ್ದು ಶೇಂಗಾಕ್ಕೆ, ಬೆಳೆ ಸಮೀಕ್ಷೆಯಲ್ಲಿ ಬರೆದಿರುವುದು ತೊಗರಿ ಅಂತಾದರೆ ಹಣ ಸಿಗುವುದು ಕಷ್ಟ. ಬೆಳೆ ದರ್ಶಕ್ ಆ್ಯಪಲ್ಲಿ ನಿಮ್ಮ ಹೊಲಕ್ಕೆ ಏನು ಬರೆದಿದ್ದಾರೆ ಅಂತ ನೋಡಿ, ತಪ್ಪಿದ್ದರೆ ಆಗಲೇ ಆಕ್ಷೇಪಣೆ ಹಾಕಿ. ಬರಕ್ಕೆ ಇಡೀ ಪಂಚಾಯಿತಿಯ ಇಳುವರಿ ನೋಡಿ ಲೆಕ್ಕ ಹಾಕುತ್ತಾರೆ. ಆಲಿಕಲ್ಲು ಬಿದ್ದು ಅಥವಾ ನೀರು ನಿಂತು ನಿಮ್ಮ ಹೊಲಕ್ಕೆ ಮಾತ್ರ ನಷ್ಟ ಆದರೆ 72 ಗಂಟೆಯೊಳಗೆ ನೀವೇ ತಿಳಿಸಬೇಕು.

ಒಂದು ಮಾತು. ಈ ದುಡ್ಡು ಯಾವಾಗ ಬರುತ್ತದೋ ಹೇಳೋಕಾಗಲ್ಲ. ಆಗಸ್ಟ್‌ನಲ್ಲಿ ಒಣಗಿದ ಬೆಳೆಗೆ ಪರಿಹಾರ ಬಂದಿದ್ದು ಮುಂದಿನ ಬೇಸಿಗೆಗೆ. ಕಾಗದ ಸರಿ ಇಟ್ಟುಕೊಳ್ಳಿ, ಆದರೆ ಅಡುಗೆ ಮನೆಯ ಲೆಕ್ಕವನ್ನು ಅದರ ಮೇಲೆ ನಿಲ್ಲಿಸಬೇಡಿ. ಆ ವರ್ಷ ನಮ್ಮ ದಿನಸಿ ನಡೆದಿದ್ದು ಅಮ್ಮನ ಗೃಹಲಕ್ಷ್ಮಿಯ ಎರಡು ಸಾವಿರ ಮತ್ತು ಡೇರಿ ಬಟವಾಡೆಯಿಂದ.

ಬರದಲ್ಲಿ ಬೋರ್ ಕೊರೆಸಬೇಡಿ

ಈರುಳ್ಳಿ ಒಣಗುತ್ತಿದೆ, ಇರುವ ಬೋರ್ ಬಿಟ್ಟು ಬಿಟ್ಟು ನೀರು ಕೊಡುತ್ತಿದೆ, ಇನ್ನೊಂದು ಕೊರೆಸಿದರೆ ಬೆಳೆ ಉಳಿಯುತ್ತದೆ ಅಂತ ಅನಿಸೇ ಅನಿಸುತ್ತದೆ. ಅಂಗೈ ಮೇಲೆ ತೆಂಗಿನಕಾಯಿ ಇಟ್ಟುಕೊಂಡು ಪಾಯಿಂಟ್ ತೋರಿಸುವವರೂ ಆಗಲೇ ಬರುತ್ತಾರೆ. ನಾವು ಕೊರೆಸಿದೆವು. 800 ಅಡಿ ಹೋದರೂ ಬರೀ ಧೂಳು. ನಮ್ಮ ನಾಲ್ಕನೇ ಸಾಲ ಹುಟ್ಟಿದ್ದು ಹಾಗೆ. ಆ ದುಡ್ಡಲ್ಲಿ ಮನೆ ಒಂದು ವರ್ಷ ನಡೆಯುತ್ತಿತ್ತು. ಬೆಳೆ ಹೋದರೆ ಒಂದು ಬೆಳೆ ಹೋಗುತ್ತದೆ, ಬೋರ್ ಫೇಲಾದರೆ ಮೂರು ನಾಲ್ಕು ವರ್ಷದ ದುಡಿಮೆ ಹೋಗುತ್ತದೆ. ಅದರ ಬದಲು ಇರುವ ಬೋರಿನ ಸುತ್ತ ಇಂಗುಗುಂಡಿ ಮಾಡಿಸಿ, ಮುಂದಿನ ಮಳೆಗೆ ಹೊಲದ ನೀರು ಅಲ್ಲಿ ಇಳಿಯಲಿ. ಕೃಷಿ ಭಾಗ್ಯ ಯೋಜನೆಯಲ್ಲಿ ಕೃಷಿ ಹೊಂಡಕ್ಕೆ ಸಾಮಾನ್ಯ ವರ್ಗಕ್ಕೆ ಶೇಕಡಾ 80, ಪರಿಶಿಷ್ಟರಿಗೆ 90 ಸಹಾಯಧನ ಕೊಡುತ್ತಾ ಬಂದಿದ್ದಾರೆ, ಈ ವರ್ಷದ್ದು ರೈತ ಸಂಪರ್ಕ ಕೇಂದ್ರದಲ್ಲಿ ಕೇಳಿ. ಹೊಂಡಕ್ಕೆ ಬೇಲಿ ಮಾತ್ರ ಬಿಡಬೇಡಿ. ಮಕ್ಕಳು ಬಿದ್ದಿದ್ದಾರೆ.

ದನ ಮತ್ತು ಬಿತ್ತನೆ

ಮೇವು ಮುಗಿದ ಮೇಲೆ ದನ ಮಾರೋಕೆ ಹೋದರೆ ಸಂತೆಯಲ್ಲಿ ಎಲ್ಲರೂ ಮಾರುತ್ತಿರುತ್ತಾರೆ, ಕೇಳುವವರಿಲ್ಲ. ಮಳೆ ಕೈ ಕೊಟ್ಟಿದ್ದು ಖಚಿತವಾದ ತಕ್ಷಣ ಎಷ್ಟು ರಾಸಿಗೆ ಬೇಸಿಗೆ ತನಕ ಮೇವಿದೆ ಅಂತ ಲೆಕ್ಕ ಹಾಕಿ, ಜಾಸ್ತಿ ಇರುವುದನ್ನು ಆಗಲೇ ಕೊಡಿ, ಕರೆಯುವ ಹಸು ಉಳಿಸಿಕೊಳ್ಳಿ. ಒಣಗಿದ ಶೇಂಗಾ ಬಳ್ಳಿಯೂ ಮೇವೇ, ಹೊಲದಲ್ಲಿ ಬಿಡಬೇಡಿ.

ಬಿತ್ತನೆ ವಿಷಯಕ್ಕೆ ಬಂದರೆ, ಬರೀ ಶೇಂಗಾ ಹಾಕಿದವರು ಎಲ್ಲ ಕಳೆದುಕೊಂಡರು. ಶೇಂಗಾ ನಡುವೆ ಅಕ್ಕಡಿ ಸಾಲಲ್ಲಿ ತೊಗರಿ, ಅವರೆ ಹಾಕಿದವರಿಗೆ ಅಷ್ಟಿಷ್ಟಾದರೂ ಸಿಕ್ಕಿತು. ತಾತ ಹೀಗೇ ಬಿತ್ತುತ್ತಿದ್ದನಂತೆ, ನಡುವೆ ನಾವು ಬಿಟ್ಟಿದ್ದೆವು. ಮಳೆ ತಡವಾದರೆ ಹುರುಳಿ ಇದೆ, ಸಾವೆ, ನವಣೆ ಇವೆ. ಯಾವ ಮಳೆಗೆ ಯಾವ ತಳಿ ಅಂತ ನಾವು ಹಿರಿಯೂರಿನ ಬಬ್ಬೂರು ಫಾರಂನ ಕೃಷಿ ವಿಜ್ಞಾನ ಕೇಂದ್ರದಲ್ಲಿ ಕೇಳಿಕೊಂಡು ಬಂದೆವು, ನಿಮ್ಮ ಜಿಲ್ಲೆಯಲ್ಲೂ ಒಂದು ಇರುತ್ತದೆ. ಡಾಕ್ಟರು ದಿನಾ ಒಂದು ಸಣ್ಣ ಕೆಲಸ ಹಚ್ಚಿಕೋ ಅಂದಿದ್ದಕ್ಕೆ ತಮ್ಮ ಆ ಸೆಪ್ಟೆಂಬರ್‌ನಲ್ಲಿ ಬಿದ್ದ ಒಂದು ಹದಕ್ಕೆ ಅರ್ಧ ಎಕರೆ ಹುರುಳಿ ಚೆಲ್ಲಿದ. ಎರಡು ಚೀಲ ಆಯಿತು.

2024ರಲ್ಲಿ ಮಳೆ ಚೆನ್ನಾಗಿ ಬಂತು. ಸಾಲ ಈಗ ಎರಡು ಉಳಿದಿವೆ. ಪಹಣಿಯಲ್ಲಿ ನಮ್ಮ ಹೆಸರಿದೆ. ತಮ್ಮ ಈಗ ಸಂಜೆ ಹೊತ್ತು ಊರಲ್ಲಿ ಯಾರ ಪಹಣಿ ಇನ್ನೂ ತಾತ, ಮುತ್ತಾತನ ಹೆಸರಲ್ಲಿದೆ ಅಂತ ಮನೆ ಮನೆಗೆ ಹೋಗಿ ಕೇಳುತ್ತಾನೆ. ಹದಿನಾಲ್ಕು ಮನೆ ಸಿಕ್ಕಿವೆ. ಒಂಬತ್ತು ಮನೆಯದು ಮುಗಿದಿದೆ.