ಡೇಝೀ ಸರ್ವರ್‌ನಲ್ಲಿ ದಿನಾ ಹುಣ್ಣಿಮೆ: ನನ್ನ ಅನುಭವ

ಡೇಝೀ ಅನ್ನುವ ಆನ್‌ಲೈನ್ ಬದುಕುಳಿಯುವ ಆಟದಲ್ಲಿ ರಾತ್ರಿ ಕತ್ತಲು ಜಾಸ್ತಿ, ಆ ಹೊತ್ತು ಆಡೋಕೆ ಆಗಲ್ಲ ಅಂತ ನಮ್ಮ ಗುಂಪಿನವರೆಲ್ಲ ಕೈಚೆಲ್ಲಿದ್ದರು. ಈಗ ಅದೇ ಜನ ರಾತ್ರಿಗೆ ಕಾದು ಲಾಗಿನ್ ಆಗುತ್ತಾರೆ. ಇದಕ್ಕೆ ಹೊಸ ಮಾನಿಟರ್ ಬೇಕಾಗಲಿಲ್ಲ, ಗಾಮಾ (ಪರದೆಯ ಕಡು ಭಾಗವನ್ನು ತಿಳಿ ಮಾಡುವ ಸೆಟ್ಟಿಂಗ್) ಏರಿಸಬೇಕಾಗಲಿಲ್ಲ, ಸರ್ವರ್‌ಗೆ ಒಂದು ಮಾಡ್ (ಆಟವನ್ನು ಬದಲಿಸುವ ಹೊರಗಿನ ಫೈಲ್) ಕೂಡ ಹಾಕಿಲ್ಲ. "ಆಗಲ್ಲ ಬಿಡು ಗುರೂ" ಅಂದವರೇ ಈಗ "ನಿನ್ನ ಸೆಟ್ಟಿಂಗ್ ಕಳಿಸು" ಅಂತ ಮೆಸೇಜ್ ಹಾಕುತ್ತಿದ್ದಾರೆ. ಒಬ್ಬೊಬ್ಬರಿಗೂ ಬೇರೆ ಬೇರೆ ಹೇಳುವ ಬದಲು ಒಂದೇ ಸಲ ಬರೆದುಬಿಡೋಣ ಅಂತ ಕೂತಿದ್ದೇನೆ. ಸರ್ವರ್ ನಡೆಸೋದು ಹೇಗೆ, ಯಾವ ಫೈಲ್ ಎಲ್ಲಿರುತ್ತೆ ಅನ್ನೋದು ನಿಮಗೆ ಗೊತ್ತಿರುತ್ತೆ. ಅದನ್ನು ಬಿಡೋಣ.

ನಮ್ಮದು ಚೆರ್ನಾರಸ್ ನಕ್ಷೆಯ (ಆಟ ನಡೆಯುವ ಕಾಲ್ಪನಿಕ ನಾಡು) ನಲವತ್ತು ಸ್ಲಾಟಿನ, ಅಂದರೆ ಒಮ್ಮೆಗೆ ನಲವತ್ತು ಜನ ಆಡಬಹುದಾದ ಸರ್ವರ್. ಮಷೀನ್ ಮುಂಬೈನಲ್ಲಿದೆ. ಬಸವೇಶ್ವರನಗರದ ನಮ್ಮ ಮನೆಯಿಂದ ಪಿಂಗ್ (ಸರ್ವರ್‌ಗೆ ಹೋಗಿ ಬರುವ ಸಮಯ) ಮೂವತ್ತು ಮಿಲಿಸೆಕೆಂಡಿನ ಆಸುಪಾಸು ಬರುತ್ತೆ. ಬಾಡಿಗೆ ತಿಂಗಳಿಗೆ ಸುಮಾರು ಎರಡು ಸಾವಿರ ರೂಪಾಯಿ. ಹತ್ತು ಹನ್ನೆರಡು ಜನ ಇನ್ನೂರು ಇನ್ನೂರು ಹಾಕಿ ಅದನ್ನು ತುಂಬಿಸುತ್ತಿದ್ದೆವು. ಆಡುವವರಲ್ಲಿ ಮುಕ್ಕಾಲು ಪಾಲು ಕೆಲಸಕ್ಕೆ ಹೋಗುವವರು. ಸಿಲ್ಕ್ ಬೋರ್ಡ್ ದಾಟಿ, ಮನೆ ಸೇರಿ, ಊಟ ಮುಗಿಸಿ ಕೂರುವಷ್ಟರಲ್ಲಿ ಒಂಬತ್ತೂವರೆ ಆಗಿರುತ್ತೆ. ಸರ್ವರ್‌ನ ಸೆಟ್ಟಿಂಗ್ ಫೈಲ್‌ನಲ್ಲಿ ಆಟದ ಸಮಯ ಹೇಳುವ ಸರ್ವರ್ ಟೈಮ್ ಸಾಲಿನಲ್ಲಿ ಸಿಸ್ಟಮ್‌ಟೈಮ್ ಅಂತಿತ್ತು, ಮಷೀನಿನ ಗಡಿಯಾರ ಭಾರತದ್ದು. ಇಲ್ಲಿ ರಾತ್ರಿ ಹತ್ತು ಅಂದರೆ ಅಲ್ಲೂ ಹತ್ತು. ನಮ್ಮ ಹುಡುಗರು ಎಷ್ಟೋ ದಿನ ಚೆರ್ನಾರಸ್‌ನಲ್ಲಿ ಸೂರ್ಯನ ಮುಖವನ್ನೇ ನೋಡಿರಲಿಲ್ಲ. ಒಂಬತ್ತೂವರೆಗೆ ಇಪ್ಪತ್ತೈದು ಜನ ಬಂದರೆ ಹತ್ತೂವರೆಗೆ ಏಳೆಂಟು ಜನ ಉಳಿಯುತ್ತಿದ್ದರು. ಜನ ಕಡಿಮೆಯಾದ ಹಾಗೆ ದುಡ್ಡು ಹಾಕುವವರೂ ಕಡಿಮೆಯಾದರು. ಒಂದೆರಡು ತಿಂಗಳು ಮುಕ್ಕಾಲು ಬಾಡಿಗೆ ನನ್ನ ಜೇಬಿನಿಂದಲೇ ಹೋಯಿತು.

ಎಲ್ಲರೂ ಮೊದಲು ಹೇಳಿದ್ದು ಗಾಮಾ. "ಗ್ರಾಫಿಕ್ಸ್ ಕಾರ್ಡ್ ಪ್ಯಾನೆಲ್ ತೆಗಿ, ಗಾಮಾ ಏರಿಸ್ಕೋ, ಸುಮ್ನೆ ತಲೆ ಕೆಡಿಸ್ಕೋಬೇಡ." ಏರಿಸಿ ನೋಡಿದೆ. ಕಪ್ಪು ಇದ್ದದ್ದು ಬೂದಿ ಬಣ್ಣ ಆಗುತ್ತೆ, ಅಷ್ಟೇ. ಮರ, ಮನೆ, ಮನುಷ್ಯ ಎಲ್ಲವೂ ಒಂದೇ ಬೂದಿ. ಆಟ ಮೊದಲೇ ಕತ್ತಲಲ್ಲಿ ಕೊಡದೇ ಇದ್ದ ವಿವರವನ್ನು ಗಾಮಾ ಎಲ್ಲಿಂದ ತರುತ್ತೆ? ಇದಕ್ಕಿಂತ ದೊಡ್ಡ ತೊಂದರೆ ಬೇರೆ ಇತ್ತು. ಗಾಮಾ ಏರಿಸಿದವನಿಗೆ ನಾಲ್ಕು ಹೆಜ್ಜೆ ಜಾಸ್ತಿ ಕಾಣುತ್ತೆ, ನಿಯತ್ತಾಗಿ ಆಡುವವನು ಕುರುಡಾಗಿ ಸಾಯುತ್ತಾನೆ. ಇದರಿಂದ ನಮ್ಮಲ್ಲಿ ಎರಡು ಸಲ ದೊಡ್ಡ ಜಗಳ ಆಯಿತು. ಒಳ್ಳೆಯ ಆಟಗಾರನೊಬ್ಬ ಗುಂಪು ಬಿಟ್ಟೇ ಹೋದ. ಅವನು ಹೋಗಿದ್ದು ನನಗೆ ಇವತ್ತಿಗೂ ಬೇಜಾರು.

ಆಮೇಲೆ ಮಾನಿಟರ್. ಕಪ್ಪು ಚೆನ್ನಾಗಿ ಬರುತ್ತೆ ಅಂತ ಹನ್ನೊಂದು ಸಾವಿರ ಚಿಲ್ಲರೆ ಕೊಟ್ಟು ವಿಎ ಅನ್ನುವ ಜಾತಿಯ ಪ್ಯಾನೆಲ್ (ಪರದೆ) ಇರುವ ಒಂದು ಮಾನಿಟರ್ ತಂದೆ. ನಿಂತು ನೋಡಿದರೆ ಕಪ್ಪು ನಿಜಕ್ಕೂ ಚೆಂದ. ಓಡಲು ಶುರು ಮಾಡಿದ ಕೂಡಲೇ ಕಥೆ ಬೇರೆ. ಬೇಲಿಯ ಪಕ್ಕ ಓಡುತ್ತಾ ಕತ್ತು ತಿರುಗಿಸಿದರೆ ಒಂದೊಂದು ಗೂಟದ ಹಿಂದೆಯೂ ನೇರಳೆ ಮಿಶ್ರಿತ ಕಪ್ಪು ನೆರಳು ಬಾಲದ ಹಾಗೆ ಎಳೆದುಕೊಂಡು ಬರುತ್ತೆ. ಕಡು ಬಣ್ಣದಿಂದ ಕಡು ಬಣ್ಣಕ್ಕೆ ಬದಲಾಗುವಾಗ ಆ ಜಾತಿಯ ಪ್ಯಾನೆಲ್ ನಿಧಾನ. ರಾತ್ರಿಯ ಆಟದಲ್ಲಿ ಇರೋದೆಲ್ಲ ಕಡು ಬಣ್ಣವೇ ಅಲ್ವಾ? ಬಾಲದೊಳಗೆ ಮನುಷ್ಯ ಅಡಗಿದ್ದರೂ ಗೊತ್ತಾಗಲ್ಲ. ಎಂಟು ಸಾವಿರಕ್ಕೆ ಅದನ್ನು ಮಾರಿ ಐಪಿಎಸ್ ಜಾತಿಯ ನನ್ನ ಹಳೆಯ ಮಾನಿಟರ್‌ಗೇ ಮರಳಿದೆ.

ಮಾನಿಟರ್ ವಿಷಯದಲ್ಲಿ ಉಳಿದ ಒಂದು ಲಾಭ ಹೇಳಿಬಿಡುತ್ತೇನೆ. ಎಸ್.ಪಿ. ರೋಡಿನಲ್ಲಿ ನಾನೂರು ರೂಪಾಯಿಯೊಳಗೆ ಬಿಳಿ ಎಲ್‌ಇಡಿ ಪಟ್ಟಿ ಸಿಗುತ್ತೆ. ಮಾನಿಟರ್ ಹಿಂದೆ ಅಂಟಿಸಿ, ಬೆಳಕು ಗೋಡೆಗೆ ಬೀಳುವ ಹಾಗೆ, ಮಂದವಾಗಿ ಉರಿಸಬೇಕು. ಜೊತೆಗೆ ಎದುರಿನ ಬೀದಿ ದೀಪ ಪರದೆ ಮೇಲೆ ಬೀಳದ ಹಾಗೆ ಕಿಟಕಿಗೆ ದಪ್ಪ ಬಟ್ಟೆ. ಕಣ್ಣುರಿ ಪೂರ್ತಿ ನಿಂತಿತು. ಆಟದೊಳಗಿನ ಕತ್ತಲೆಗೆ ಇದು ಪರಿಹಾರವಲ್ಲ, ಆದರೆ ಎರಡು ಗಂಟೆ ಆಡುವವನು ಮೂರು ಗಂಟೆ ಆಡಬಹುದು. ಅದೇ ರಸ್ತೆಯಲ್ಲಿ ಒಂದು ಅಂಗಡಿಯವರು ಹಳದಿ ಗಾಜಿನ 'ನೈಟ್ ಗೇಮಿಂಗ್' ಕನ್ನಡಕ ಅಂತ ಆರುನೂರು ರೂಪಾಯಿಗೆ ಕಟ್ಟಿದರು. ಅದು ಬರುವ ಬೆಳಕನ್ನೇ ಕಡಿಮೆ ಮಾಡುತ್ತೆ. ದಯವಿಟ್ಟು ತಗೋಬೇಡಿ.

ಹುಬ್ಬಳ್ಳಿಯ ಗೆಳೆಯರೊಬ್ಬರ ಸಲಹೆ ನೇರವಾಗಿತ್ತು: "ರಾತ್ರೀನ ತಗದ್ ಬಿಡ್ರಿ ಸರ್, ಯಾರಿಗ್ ಬೇಕಾಗೇದ ಅದು?" ಅದನ್ನೂ ಮಾಡಿ ನೋಡಿದೆ. ಆಟದೊಳಗಿನ ಗಡಿಯಾರದ ರಾತ್ರಿಯ ವೇಗವನ್ನು 64ರವರೆಗೆ ಏರಿಸಬಹುದು, ಅದು ಹಗಲಿನ ವೇಗಕ್ಕೆ ಗುಣಿಸಿಕೊಳ್ಳುತ್ತೆ. ಹಾಗಾಗಿ ರಾತ್ರಿಯನ್ನು ಐದಾರು ನಿಮಿಷದಲ್ಲಿ ಮುಗಿಸೋದು ಸುಲಭ. ಒಂದು ವಾರ ಜನ ಖುಷಿಯಾಗಿದ್ದರು. ಆಮೇಲೆ ಆಟವೇ ಸಪ್ಪೆಯಾಯಿತು. ಹೆಡ್‌ಟಾರ್ಚ್‌ಗೆ ಬೆಲೆ ಇಲ್ಲ, ಬೆಂಕಿ ಹಾಕುವ ಭಯ ಇಲ್ಲ, ಕತ್ತಲಲ್ಲಿ ಊರಿಗೆ ನುಗ್ಗಿ ಹೊರಬರುವ ಧೈರ್ಯ ಯಾರೂ ತೋರಿಸಬೇಕಾಗಿಲ್ಲ. ರಾತ್ರಿ ಇಲ್ಲದ ಡೇಝೀ ನನಗೆ ಬೇಡ. ಈ ಮಾತನ್ನು ಅವತ್ತು ಗುಂಪಿನಲ್ಲಿ ಗಟ್ಟಿಯಾಗಿ ಹೇಳಿದೆ, ಒಬ್ಬರೂ ಒಪ್ಪಲಿಲ್ಲ.

ನಡುವೆ ಇನ್ನೊಂದು ಪ್ರಯೋಗ. ಯಾವ ವಸ್ತು ಎಷ್ಟು ಸಿಗಬೇಕು ಅಂತ ಹೇಳುವ ಟೈಪ್ಸ್ ಫೈಲ್‌ನಲ್ಲಿ, ಕತ್ತಲಲ್ಲೂ ಕಾಣಿಸುವ ನೈಟ್ ವಿಷನ್ ಕನ್ನಡಕದ ಸಂಖ್ಯೆ ಏರಿಸಿದೆ. ಅದಕ್ಕೆ ತಲೆಪಟ್ಟಿ ಬೇಕು, 9 ವೋಲ್ಟ್ ಬ್ಯಾಟರಿ ಬೇಕು, ಹಾಗಾಗಿ ಎಲ್ಲರ ಕೈಗೂ ಹಂಚಿಹೋಗುತ್ತೆ ಅಂತ ಲೆಕ್ಕ ಹಾಕಿದ್ದೆ. ಆದದ್ದೇ ಬೇರೆ. ನಕ್ಷೆಯ ಟಿಸಿ ಅನ್ನುವ ಮಿಲಿಟರಿ ಕ್ಯಾಂಪಿನಲ್ಲಿ ಬೀಡುಬಿಟ್ಟಿದ್ದ ನಾಲ್ವರ ಪಡೆ ಎಲ್ಲವನ್ನೂ ಬಾಚಿಕೊಂಡಿತು. ಹಗಲೆಲ್ಲ ಮಲಗಿ ರಾತ್ರಿ ಕರಾವಳಿಗೆ ಬಂದು ಹೊಸಬರನ್ನು ಬೇಟೆಯಾಡುತ್ತಿದ್ದರು. ಕರಾವಳಿಯ ಎಲೆಕ್ಟ್ರೋ ಊರಿನಲ್ಲಿ ಕಾಲಿಟ್ಟವನು ಹತ್ತು ನಿಮಿಷ ಬದುಕುತ್ತಿರಲಿಲ್ಲ. ಸಂಖ್ಯೆಯನ್ನು ಮೊದಲಿನಷ್ಟಕ್ಕೇ ಇಳಿಸಿದೆ.

ದಾರಿ ಸಿಕ್ಕಿದ್ದು ಸರ್ವರ್ ಟೈಮ್ ಸಾಲಿನಲ್ಲೇ. ಅಲ್ಲಿ ಸಿಸ್ಟಮ್‌ಟೈಮ್ ಬದಲು ವರ್ಷ, ತಿಂಗಳು, ದಿನ, ಗಂಟೆ, ನಿಮಿಷ ಕೊಡಬಹುದು. ಆಟ ತಯಾರಿಸಿದವರು ಉದಾಹರಣೆಗೆ ಕೊಟ್ಟಿರುವ ತಾರೀಖು 2015ರ ಏಪ್ರಿಲ್ 8. ಎಷ್ಟೋ ಸರ್ವರ್‌ಗಳಲ್ಲಿ ಅದನ್ನೇ ಹಾಗೇ ಇಟ್ಟಿರುತ್ತಾರೆ. ಈ ಆಟದಲ್ಲಿ ಚಂದ್ರ ತಾರೀಖಿನ ಪ್ರಕಾರ ಬೆಳೆಯುತ್ತಾನೆ, ಕರಗುತ್ತಾನೆ. ನಮ್ಮ ಮನೆಯಲ್ಲಿ ಅಜ್ಜಿ ಹಳೇ ಪಂಚಾಂಗಗಳನ್ನು ಬಿಸಾಡಿಲ್ಲ. 2015ರದ್ದು ತೆಗೆದು ನೋಡಿದೆ. ಏಪ್ರಿಲ್ 4 ಹುಣ್ಣಿಮೆ. 8 ಅಂದರೆ ಕೃಷ್ಣ ಪಕ್ಷದ ಚೌತಿಯ ಆಸುಪಾಸು. ಸಂಕಷ್ಟಿ ದಿನ ಚಂದ್ರ ಎಷ್ಟು ತಡವಾಗಿ ಹುಟ್ಟುತ್ತಾನೆ ಅಂತ ಉಪವಾಸ ಮಾಡುವವರನ್ನು ಕೇಳಿ, ಹೇಳುತ್ತಾರೆ. ಸಂಜೆಯಿಂದ ಚಂದ್ರೋದಯದವರೆಗೆ ಪೂರ್ತಿ ಕತ್ತಲು.

ಹಾಗಾದರೆ ಹುಣ್ಣಿಮೆಯ ತಾರೀಖನ್ನೇ ಹಾಕೋಣ. ಹುಣ್ಣಿಮೆಯ ಚಂದ್ರ ಸೂರ್ಯ ಮುಳುಗುವ ಹೊತ್ತಿಗೆ ಹುಟ್ಟಿ ಬೆಳಗಾಗುವವರೆಗೆ ಇರುತ್ತಾನೆ. ನಮ್ಮ ಧರ್ಮರಾಯಸ್ವಾಮಿ ದೇವಸ್ಥಾನದಿಂದ ಕರಗ ಹೊರಡುವ ಚೈತ್ರ ಹುಣ್ಣಿಮೆಯನ್ನೇ ಮೊದಲು ಚೆರ್ನಾರಸ್‌ಗೂ ಕೊಟ್ಟೆ. ಪಂಚಾಂಗ ಇಲ್ಲದವರಿಗೆ ಒಂದು ಸುಲಭ ದಾರಿ ಇದೆ. ಚಂದ್ರಗ್ರಹಣ ಆಗೋದು ಹುಣ್ಣಿಮೆಯಲ್ಲಿ ಮಾತ್ರ. 2015ರ ಏಪ್ರಿಲ್ 4, 2018ರ ಜುಲೈ 27, ಹೀಗೆ ಯಾವ ಚಂದ್ರಗ್ರಹಣದ ತಾರೀಖು ಹಾಕಿದರೂ ಪಕ್ಕಾ ಹುಣ್ಣಿಮೆ. ಜುಲೈ ತಗೊಂಡರೆ ರಾತ್ರಿ ಗಿಡ್ಡ, ಚಳಿಗಾಲ ತಗೊಂಡರೆ ಉದ್ದ. ಸುಮಾರು ತಾರೀಖುಗಳನ್ನು ಹಾಕಿ ನೋಡಿ ನಾನು ಕೊನೆಗೆ ಒಂದನ್ನು ಆರಿಸಿದ್ದೇನೆ. ಅದನ್ನು ಮಾತ್ರ ಇಲ್ಲಿ ಹೇಳಲ್ಲ. ನಮ್ಮ ಸರ್ವರ್‌ನ ಗುಟ್ಟು ಅದು, ನಿಮ್ಮದನ್ನು ನೀವು ಹುಡುಕಿಕೊಳ್ಳಿ.

ಮೊದಲ ರಾತ್ರಿ ಅದ್ಭುತವಾಗಿತ್ತು. ಹೊಲದ ಮೇಲೆ ಮರದ ನೆರಳು ಬಿದ್ದಿತ್ತು, ರಾತ್ರಿಯಲ್ಲಿ ನೆರಳು! ನಾಲ್ಕೈದು ದಿನಕ್ಕೆ ಮತ್ತೆ ಕತ್ತಲು. "ನಿನ್ನ ಚಂದ್ರ ಓಡಿಹೋದ" ಅಂತ ಎಲ್ಲರೂ ಆಡಿಕೊಂಡರು. ಕಾರಣ ಸರ್ವರ್ ಟೈಮ್ ಪರ್ಸಿಸ್ಟೆಂಟ್ ಅನ್ನುವ ಸಾಲು. ಅದು 1 ಇದ್ದರೆ ರೀಸ್ಟಾರ್ಟ್ ಆದರೂ ಆಟದ ದಿನಗಳು ಮುಂದುವರಿಯುತ್ತವೆ. ವೇಗ ಜಾಸ್ತಿ ಇಟ್ಟಾಗ ನಮ್ಮ ಎರಡು ದಿನದಲ್ಲಿ ಅಲ್ಲಿ ಒಂದು ಪಕ್ಷವೇ ಕಳೆದು ಅಮಾವಾಸ್ಯೆ ಬಂದುಬಿಡಬಹುದು. ಅದನ್ನು 0 ಮಾಡಿದರೆ ಪ್ರತಿ ರೀಸ್ಟಾರ್ಟ್‌ಗೂ ಅದೇ ತಾರೀಖಿಗೆ, ಅದೇ ಗಂಟೆಗೆ ಮರಳುತ್ತೆ. ನಮ್ಮ ಸರ್ವರ್ ನಾಲ್ಕು ಗಂಟೆಗೊಮ್ಮೆ ರೀಸ್ಟಾರ್ಟ್ ಆಗುತ್ತೆ. ಶುರು ಮಧ್ಯಾಹ್ನ ಎರಡಕ್ಕೆ, ಹಗಲಿನ ವೇಗ 4, ರಾತ್ರಿಯದು 4. ಗುಣಿಸಿದರೆ ರಾತ್ರಿ 16 ಪಟ್ಟು ಓಡುತ್ತೆ. ಒಂದೂಕಾಲು ಗಂಟೆ ಹಗಲು, ನಲವತ್ತು ನಿಮಿಷದ ಹತ್ತಿರ ರಾತ್ರಿ, ಉಳಿದದ್ದು ಮಾರನೇ ಬೆಳಗು. ಮಾರನೇ ಸಂಜೆ ಆಗುವುದರೊಳಗೆ ರೀಸ್ಟಾರ್ಟ್. ಹಾಗಾಗಿ ನಮ್ಮಲ್ಲಿ ಬರುವ ಪ್ರತಿ ರಾತ್ರಿಯೂ ಅದೇ ಹುಣ್ಣಿಮೆ. ರೀಸ್ಟಾರ್ಟ್ ಹೊತ್ತನ್ನು ಹೊಂದಿಸಿ ಆ ನಲವತ್ತು ನಿಮಿಷ ನಮ್ಮ ರಾತ್ರಿ ಹತ್ತು ಗಂಟೆ ಸುಮಾರಿಗೆ ಬರುವ ಹಾಗೆ ಮಾಡಿದ್ದೇನೆ, ಯಾಕೆಂದರೆ ಜನ ತುಂಬಿರೋದು ಆಗಲೇ.

ಇಷ್ಟಾದರೂ ಒಂದೊಂದು ದಿನ ಕತ್ತಲು ಕವಿಯುತ್ತಿತ್ತು. ಮೋಡ! ಚಂದ್ರ ಇದ್ದರೂ ಮೋಡ ಮುಚ್ಚಿದರೆ ಬೆಳಕು ಕೆಳಗೆ ಬರಲ್ಲ. ಅದಕ್ಕೆ ವೆದರ್ ಫೈಲ್ ತೆಗೆಯಬೇಕು. ಆ ಫೈಲ್‌ನ ಮೇಲಿನ ಸಾಲಿನಲ್ಲಿ ಎನೇಬಲ್ 0 ಇದ್ದರೆ ಒಳಗೆ ಏನು ಬರೆದರೂ ಸರ್ವರ್ ಕಣ್ಣೆತ್ತಿ ನೋಡಲ್ಲ. ಅದನ್ನು 1 ಮಾಡಿ. ಮೋಡದ ಮೇಲಿನ ಮಿತಿಯನ್ನು 0.3ರ ಆಸುಪಾಸಿಗೆ ಕಟ್ಟಿಹಾಕಿ. ಇದಕ್ಕೆ ಒಂದು ಅಡ್ಡ ಪರಿಣಾಮ ಇದೆ. ಮಳೆ ಬರೋಕೆ ಮೋಡ ಇಂತಿಷ್ಟು ದಾಟಬೇಕು ಅಂತ ಅದೇ ಫೈಲ್‌ನಲ್ಲಿ ಇನ್ನೊಂದು ಮಿತಿ ಇರುತ್ತೆ, ಸಾಮಾನ್ಯವಾಗಿ 0.5. ಹಾಗಾಗಿ ಮಳೆಯೇ ನಿಂತುಹೋಯಿತು. ಒದ್ದೆಯಾಗಿ ನಡುಗುವ ಕಷ್ಟ ಇಲ್ಲದೆ ಬದುಕೋದು ಸಲೀಸಾಯಿತು ಅಂತ ಹಳಬರು ಗೊಣಗಿದರು. ಅವರ ಮಾತಿನಲ್ಲಿ ನ್ಯಾಯ ಇತ್ತು. ಮಳೆಯನ್ನು ವಾಪಸ್ ತರೋಕೆ ಒಂದು ಉಪಾಯ ಮಾಡಿದ್ದೇನೆ. ಹಗಲಲ್ಲಿ ಮಾತ್ರ ಬರುತ್ತೆ, ಮಾಡ್ ಇಲ್ಲ. ಅದು ಹೇಗೆ ಅನ್ನೋದೂ ಸದ್ಯಕ್ಕೆ ನನ್ನ ಹತ್ತಿರವೇ ಇರಲಿ.

ಉಳಿದದ್ದು ಎರಡು ಸಾಲು. ಲೈಟಿಂಗ್ ಕಾನ್ಫಿಗ್ 0 ಇಡಿ, ಅದು ತಿಳಿ ರಾತ್ರಿ. 1 ಇಟ್ಟರೆ ಕಡು ರಾತ್ರಿ. ಪರ್ಸನಲ್ ಲೈಟ್ ಅನ್ನುವುದು ಆಟಗಾರನ ಸುತ್ತ ಬರುವ ಸಣ್ಣ ಮಬ್ಬು ಬೆಳಕು. ಅದನ್ನು ನಾನು ಬಂದ್ ಮಾಡಿದ್ದೇನೆ. ಚಂದ್ರ ಇರುವಾಗ ಅದು ಬೇಡ. ಪಾದದ ಹತ್ತಿರ ಬೆಳಕಿದ್ದರೆ ಕಣ್ಣು ಅಲ್ಲೇ ಕಚ್ಚಿಕೊಳ್ಳುತ್ತೆ, ದೂರದ್ದು ಕಾಣಲ್ಲ.

ಬಾಯಿಮಾತಿಗೆ ಯಾರೂ ಒಪ್ಪಲ್ಲ ಅಂತ ಗೊತ್ತಿತ್ತು. ಅದಕ್ಕೇ ಎಲ್ಲರನ್ನೂ ಕರೆದು ಆಟದೊಳಗಿನ ಸ್ಟಾರಿ ಸೋಬೋರ್ ಊರಿನ ಪಕ್ಕದ ಹೊಲದಲ್ಲಿ ಪರೀಕ್ಷೆ ಇಟ್ಟೆ. ಒಬ್ಬನಿಗೆ ಕಪ್ಪು ಜಾಕೆಟ್, ಇನ್ನೊಬ್ಬನಿಗೆ ಹಸಿರು ಹಂಟರ್ ಜಾಕೆಟ್. ಇಬ್ಬರೂ ನನ್ನಿಂದ ದೂರ ನಡೆಯುತ್ತಾ ಹೋಗೋದು, ಕಾಣದೇ ಆದಾಗ ನಾನು "ನಿಲ್ಲು" ಅನ್ನೋದು. ಮೊದಲು ಅಮಾವಾಸ್ಯೆಯ ತಾರೀಖು ಹಾಕಿದೆ. ಇಪ್ಪತ್ತು ಮೀಟರ್‌ಗೆ ಇಬ್ಬರೂ ಮಾಯ. ಆಮೇಲೆ ಹುಣ್ಣಿಮೆ. ನೂರು ಮೀಟರ್ ದಾಟಿದರೂ ಇಬ್ಬರೂ ಕಾಣುತ್ತಿದ್ದರು. ವಿಚಿತ್ರ ಅಂದರೆ ಕಪ್ಪು ಜಾಕೆಟ್ಟಿನವನೇ ಜಾಸ್ತಿ ದೂರ ಕಂಡ. ಬೆಳದಿಂಗಳಲ್ಲಿ ಹೊಲ ತಿಳಿಯಾಗಿರುತ್ತೆ, ಅದರ ಮೇಲೆ ಕಪ್ಪು ಎದ್ದು ಕಾಣುತ್ತೆ. ಹಸಿರಿನವನು ನೂರೈವತ್ತರ ಹತ್ತಿರ ಹುಲ್ಲಿನಲ್ಲಿ ಕರಗಿಹೋದ. ಕಪ್ಪಿನವನು ಇನ್ನೂರರ ಹತ್ತಿರವೂ ನಡೆಯುವಾಗ ಗೊತ್ತಾಗುತ್ತಿದ್ದ, ನಿಂತರೆ ಇಲ್ಲ. ಪೈನ್ ಕಾಡಿನ ಒಳಗೆ ಮಾತ್ರ ಹುಣ್ಣಿಮೆಯೂ ಅಷ್ಟಕ್ಕಷ್ಟೇ. ಅದು ಹಾಗೇ ಇರಲಿ ಅಂತ ಬಿಟ್ಟೆ. ಅಡಗಿಕೊಳ್ಳೋಕೆ ಒಂದು ಜಾಗ ಬೇಕಲ್ಲ. ಗಾಮಾ ಏರಿಸಿದ್ದ ಹುಡುಗನನ್ನೂ ಅವತ್ತು ಪಕ್ಕ ನಿಲ್ಲಿಸಿಕೊಂಡಿದ್ದೆ. ಅವನಿಗೂ ನನಗೂ ಕಂಡ ದೂರ ಹೆಚ್ಚುಕಮ್ಮಿ ಒಂದೇ. ಅವನೇ ಆಮೇಲೆ ಗಾಮಾ ಇಳಿಸಿಕೊಂಡ. ನನಗೆ ಬೇಕಾಗಿದ್ದದ್ದು ಅದೇ.

ಈಗ ರಾತ್ರಿ ಹತ್ತೂವರೆಗೂ ಇಪ್ಪತ್ತರ ಮೇಲೆ ಜನ ಇರುತ್ತಾರೆ. ಶನಿವಾರ ಮೂವತ್ತು ದಾಟಿದ್ದೂ ಇದೆ. ಬಾಡಿಗೆ ತಿಂಗಳ ಮೊದಲ ವಾರದಲ್ಲೇ ತುಂಬುತ್ತೆ, ಉಳಿದ ದುಡ್ಡಿನಲ್ಲಿ ಸ್ಲಾಟ್ ಏರಿಸುವ ಮಾತು ನಡೆದಿದೆ. ಹುಬ್ಬಳ್ಳಿಯವರು ಎರಡು ಪಾಲು ಹಾಕುತ್ತಿದ್ದಾರೆ. ಲೆಕ್ಕ ಹಾಕಿದರೆ ಮಾನಿಟರ್, ಕನ್ನಡಕ, ಜೇಬಿನಿಂದ ಹೋದ ಬಾಡಿಗೆ ಎಲ್ಲ ಸೇರಿ ಏಳು ಸಾವಿರದಷ್ಟು ಕಳೆದಿದ್ದೇನೆ. ಕೊನೆಗೆ ಕೆಲಸ ಮಾಡಿದ ವಿಧಾನಕ್ಕೆ ಒಂದು ರೂಪಾಯಿಯೂ ಖರ್ಚಾಗಿಲ್ಲ.

ಸದ್ಯ ಮಂಜಿನ ಮೇಲೆ ಕೆಲಸ ಮಾಡುತ್ತಿದ್ದೇನೆ. ವೆದರ್ ಫೈಲ್‌ನಲ್ಲಿ ಮಂಜಿಗೂ ಇದೇ ಥರ ಮಿತಿ ಇದೆ. 0.1ರ ಹತ್ತಿರ ಇಟ್ಟಾಗ ಬೆಳದಿಂಗಳು ಹೊಲದ ಮೇಲೆ ಹಾಲಿನಂತೆ ಹರಡಿ ನೋಡೋಕೆ ಚೆಂದ, ಆದರೆ ಆ ಇನ್ನೂರು ಮೀಟರ್ ಎಂಬತ್ತಕ್ಕೆ ಇಳಿಯುತ್ತೆ. ಮಂಜಿನ ಮಿತಿಯನ್ನು ಇದರ ಅರ್ಧಕ್ಕೆ ಇಳಿಸಿ ಈ ಶನಿವಾರ ಅದೇ ಹೊಲದಲ್ಲಿ, ಅದೇ ಎರಡು ಜಾಕೆಟ್ ಹಾಕಿಸಿ ಮತ್ತೆ ಅಳೆಯಬೇಕು. ಡೇಝೀಯ ಇನ್ನೊಂದು ನಕ್ಷೆಯಾದ ಲಿವೋನಿಯಾದಲ್ಲಿ ಯಾರಾದರೂ ಹುಣ್ಣಿಮೆ ಹಾಕಿ ನೋಡಿದ್ದರೆ ಎಷ್ಟು ಮೀಟರ್ ಕಂಡಿತು ಅಂತ ತಿಳಿಸಿ. ಅಲ್ಲಿ ಕಾಡು ಜಾಸ್ತಿ, ನನಗೆ ಅನುಮಾನ ಇದೆ.